ಬೇಲಿಯಾಚೆಯ ದೋರಸಮುದ್ರ

ಹಾಸನ ಸೀಮೆಯಲ್ಲಿ ಹುಟ್ಟಿ ಬೆಳೆದವರಿಗೆ ಹಳೇಬೀಡು ಎಂದರೆ ಒಂದು ದೇವಸ್ಥಾನ. ಶಾಲಾ ಪ್ರವಾಸದ ಬಸ್ಸು ಬೇಲೂರಿನಿಂದ ಹೊರಟು ಹದಿನಾರು ಕಿಲೋಮೀಟರ್ ಓಡಿ ಅದರ ಮುಂದೆ ನಿಲ್ಲುತ್ತದೆ. ಮಕ್ಕಳು ಚಪ್ಪಲಿ ಬಿಟ್ಟು ಒಳಗೆ ಹೋಗುತ್ತಾರೆ, ನಂದಿಯ ಮುಂದೆ ಫೋಟೋ ತೆಗೆಸಿಕೊಳ್ಳುತ್ತಾರೆ, ಹೊರಗೆ ಬಂದು ಉಪ್ಪು ಖಾರ ಹಚ್ಚಿದ ಸೌತೆಕಾಯಿ ತಿಂದು ಶ್ರವಣಬೆಳಗೊಳದ ದಾರಿ ಹಿಡಿಯುತ್ತಾರೆ. ಎಲ್ಲ ಸೇರಿ ಮುಕ್ಕಾಲು ಗಂಟೆ.

ಆದರೆ ಶಾಸನಗಳಲ್ಲಿ ದೋರಸಮುದ್ರ, ದ್ವಾರಸಮುದ್ರ ಎಂದು ಬರುವ ಊರು ಬರಿಯ ದೇವಸ್ಥಾನವಲ್ಲ, ರಾಜಧಾನಿ. ಹನ್ನೊಂದನೆಯ ಶತಮಾನದಿಂದ ಹದಿನಾಲ್ಕನೆಯ ಶತಮಾನದ ಮೊದಲ ಭಾಗದವರೆಗೆ ಹೊಯ್ಸಳರು ಇಲ್ಲಿಂದ ಆಳಿದರು. ವಿಷ್ಣುವರ್ಧನ, ಇಮ್ಮಡಿ ಬಲ್ಲಾಳ, ಮುಮ್ಮಡಿ ಬಲ್ಲಾಳ ಇದ್ದ ಊರು ಇದು. ಇಲ್ಲಿ ಕೋಟೆಯಿತ್ತು, ಅರಮನೆಯಿತ್ತು, ವರ್ತಕರ ಬೀದಿಗಳಿದ್ದವು, ಜಿನಾಲಯ ಶಿವಾಲಯಗಳಿದ್ದವು, ಕವಿಗಳಿದ್ದರು, ಕರಣಿಕರಿದ್ದರು, ಆನೆ ಕುದುರೆಗಳಿದ್ದವು. ಅಷ್ಟು ದೊಡ್ಡ ನಗರ ನಮ್ಮ ಕಣ್ಣಲ್ಲಿ ಒಂದು ಗುಡಿಯಷ್ಟಕ್ಕೆ ಕುಗ್ಗಿದ್ದು ಹೇಗೆ? ಹೊಯ್ಸಳ ಕಾಲದ ಸಾಹಿತ್ಯದ ಮೇಲೆ ಪಿಎಚ್‌.ಡಿ. ಮಾಡುತ್ತಿರುವ ನನ್ನನ್ನು ಕಾಡುತ್ತಿದ್ದ ಪ್ರಶ್ನೆ ಇದು. ಗ್ರಂಥಾಲಯದಲ್ಲಿ ಕುಳಿತು ಇದಕ್ಕೆ ಉತ್ತರ ಹುಡುಕುವುದಕ್ಕಿಂತ ಊರನ್ನೇ ಒಮ್ಮೆ ಪೂರ್ತಿ ನಡೆಯುವುದು ಮೇಲು ಎನ್ನಿಸಿ, ಹಿಂದಿನ ಡಿಸೆಂಬರಿನ ಒಂದು ಭಾನುವಾರ ಇತಿಹಾಸಾಸಕ್ತರ ಸಣ್ಣ ತಂಡವೊಂದರ ಜೊತೆ ಹಳೇಬೀಡಿನ ನಡಿಗೆಗೆ ಹೋದೆ.

ನಾವು ಒಂಬತ್ತು ಜನ. ಹೊಳೆನರಸೀಪುರದ ನಿವೃತ್ತ ಮೇಷ್ಟ್ರೊಬ್ಬರು, ಚನ್ನರಾಯಪಟ್ಟಣದ ಕಾಲೇಜಿನಲ್ಲಿ ಕನ್ನಡ ಎಂ.ಎ. ಓದುತ್ತಿರುವ ಇಬ್ಬರು ಹುಡುಗಿಯರು, ಅರಕಲಗೂಡಿನ ಕಡೆ ಆಲೂಗಡ್ಡೆ, ಹೊಗೆಸೊಪ್ಪು ಬೆಳೆಯುವ ರೈತರೊಬ್ಬರು ಮತ್ತು ಅವರ ಮಗ, ಹಾಸನದ ಒಂದು ಕುಟುಂಬ, ಮತ್ತು ನಾನು. ದಾರಿ ತೋರಿಸುವವರು ಹಳೇಬೀಡಿನವರೇ. ಪ್ರವಾಸಿಗರಿಗೆ ದೇವಸ್ಥಾನ ತೋರಿಸಿಯೇ ಇಪ್ಪತ್ತು ವರ್ಷ ಸವೆಸಿದವರು. ಆದರೆ ಆ ದಿನ ಅವರು ನಮ್ಮನ್ನು ದೇವಸ್ಥಾನದ ಗೇಟಿನ ಮುಂದಿನಿಂದಲೇ ಹಾಯಿಸಿಕೊಂಡು ಸೀದಾ ಕೆರೆ ಏರಿಗೆ ಕರೆದುಕೊಂಡು ಹೋದರು. "ಗುಡಿ ಎಲ್ಲೂ ಹೋಗಲ್ಲ, ಅದು ಕೊನೇಗೆ. ಮೊದ್ಲು ಊರಿನ ಹೆಸರು ಎಲ್ಲಿಂದ ಬಂತೋ ಅಲ್ಲಿ ನಿಂತ್ಕಳನ" ಎಂದರು.

ನಮ್ಮ ಸೀಮೆಯಲ್ಲಿ ದೊಡ್ಡ ಕೆರೆಗೆ 'ಸಮುದ್ರ' ಎನ್ನುವ ವಾಡಿಕೆ ಹಳೆಯದು. ಸಮುದ್ರ ಎಂದು ಕೊನೆಯಾಗುವ ಊರಿನ ಹೆಸರು ಕೇಳಿದರೆ ಅಲ್ಲೊಂದು ಕೆರೆ ಇದೆ ಎಂದೇ ತಿಳಿಯಬೇಕು. ದೋರಸಮುದ್ರದ ಕೆರೆ ಹೊಯ್ಸಳೇಶ್ವರ ದೇವಾಲಯದ ಪೂರ್ವಕ್ಕೆ ಹರಡಿಕೊಂಡಿದೆ. ಏರಿಯ ಮೇಲೆ ನಿಂತು ನೋಡಿದರೆ ರಾಜಧಾನಿಗೆ ಈ ಜಾಗವನ್ನೇ ಏಕೆ ಆರಿಸಿಕೊಂಡರು ಎನ್ನುವುದು ಅರ್ಧ ಅರ್ಥವಾಗುತ್ತದೆ. ಒಂದು ಕಡೆ ನೀರು, ಇನ್ನೊಂದು ಕಡೆ ಗುಡ್ಡ, ನಡುವೆ ಊರು. ಆದರೆ ಇದು ಮಲೆನಾಡಲ್ಲ. ಹೊಯ್ಸಳರು ಹುಟ್ಟಿದ ಸೊಸೆವೂರು, ಅಂದರೆ ಮೂಡಿಗೆರೆ ತಾಲ್ಲೂಕಿನ ಅಂಗಡಿ, ಜಡಿಮಳೆಯ ನಾಡು. ಅಲ್ಲಿಂದ ಇಳಿದು ಬೇಲೂರಿಗೆ ಬಂದು, ಇನ್ನೂ ಮೂಡಲಿಗೆ ಸರಿದು ಇಲ್ಲಿ ನೆಲೆ ನಿಂತ ಮನೆತನ ನೀರನ್ನು ಹಿಂದೆ ಬಿಟ್ಟು ಬಯಲಿಗೆ ಬಂದಿತ್ತು. ಆದ್ದರಿಂದ ಕೆರೆ ಬೇಕಾಯಿತು. ಕೆರೆಯನ್ನು ಮಳೆಗೇ ಬಿಡಲಾಗದೆ, ಯಗಚಿ ಹೊಳೆಯ ನೀರನ್ನು ರಣಘಟ್ಟದ ಕಡೆಯಿಂದ ಕಾಲುವೆ ತೋಡಿ ಇತ್ತ ತಿರುಗಿಸುವ ಕೆಲಸವೂ ಆ ಕಾಲದಲ್ಲೇ ನಡೆಯಿತು.

ಅರಕಲಗೂಡಿನ ರೈತರು ಅಲ್ಲಿಯವರೆಗೆ ಮಾತಾಡಿರಲಿಲ್ಲ. ರಣಘಟ್ಟ ಎಂದದ್ದೇ ಕಿವಿ ನೆಟ್ಟಗೆ ಮಾಡಿದರು. ಹಳೇಬೀಡು, ಮಾದಿಹಳ್ಳಿ ಹೋಬಳಿಗಳಿಗೆ ಯಗಚಿ ನೀರು ತರಬೇಕೆಂದು ಈ ಭಾಗದ ರೈತರು ವರ್ಷಗಟ್ಟಲೆ ಹೋರಾಡಿದ್ದು ಇದೇ ರಣಘಟ್ಟದ ಹೆಸರಿನ ಯೋಜನೆಗೆ. "ಹಂಗಾರೆ ಇದು ಒಂಬೈನೂರು ವರ್ಷದ ಹಳೇ ಅರ್ಜಿ ಅನ್ನಿ" ಎಂದರು ಅವರು. ನಾವೆಲ್ಲ ನಕ್ಕೆವು. ಆದರೆ ಆ ದಿನ ಕೇಳಿದ ಮಾತುಗಳಲ್ಲಿ ರಾಜಧಾನಿಯ ಬಗ್ಗೆ ಅದಕ್ಕಿಂತ ಸರಿಯಾದ ಮಾತನ್ನು ನಾನು ಕೇಳಲಿಲ್ಲ. ರಾಜಧಾನಿ ಹೋಯಿತು, ಅದಕ್ಕೆ ಬೇಕಾಗಿದ್ದ ನೀರಿನ ಲೆಕ್ಕ ಇನ್ನೂ ಮುಗಿದಿಲ್ಲ.

ಏರಿಯಿಂದ ಇಳಿದು ಊರೊಳಗೆ ಹಾದು ಬೆಣ್ಣೆಗುಡ್ಡದ ಕಡೆ ನಡೆದೆವು. ಕೋಟೆಯ ಗೋಡೆ ಇಲ್ಲಿ ಅಲ್ಲೊಂದು ಇಲ್ಲೊಂದು ತುಂಡಾಗಿ ಉಳಿದಿದೆ. ದಪ್ಪ ಕಲ್ಲುಗಳ ಸಾಲೊಂದು ಹೊಲದ ಬದುವಿನ ಹಾಗೆ ಹೋಗಿ, ಲಂಟಾನದ ಪೊದೆಯಲ್ಲಿ ಮಾಯವಾಗುತ್ತದೆ. ಅರಮನೆ ಇತ್ತೆಂದು ಹೇಳುವ ಜಾಗದಲ್ಲಿ ನೋಡಲು ಏನೂ ಇಲ್ಲ. ಇದು ಹೊಯ್ಸಳರಿಗಷ್ಟೇ ಬಂದ ಪಾಡಲ್ಲ. ಕನ್ನಡ ನಾಡಿನ ಹಳೆಯ ರಾಜಧಾನಿಗಳಲ್ಲೆಲ್ಲ ದೇವರಿಗೆ ಕಲ್ಲಿನ ಮನೆ, ಅರಸನಿಗೆ ಮರ, ಇಟ್ಟಿಗೆ, ಗಾರೆಯ ಮನೆ. ಅರಸನ ಮನೆ ಮಣ್ಣಾಗುತ್ತದೆ, ದೇವರ ಮನೆ ಉಳಿಯುತ್ತದೆ. ಹಾಗಾಗಿ ನಾವು ಹಿಂದಿನ ಕಾಲವನ್ನು ಬರೀ ಭಕ್ತಿಯ ಕಾಲ ಎಂದು ಭ್ರಮಿಸುತ್ತೇವೆ. ಉಳಿದದ್ದೇ ಇದ್ದದ್ದು ಎಂದುಕೊಳ್ಳುತ್ತೇವೆ.

ಅಲ್ಲೇ ಹತ್ತಿರದಲ್ಲಿ ನಗರೇಶ್ವರದ ಬಯಲಿದೆ. ದಿಬ್ಬವಾಗಿದ್ದ ಜಾಗವನ್ನು ಪುರಾತತ್ವ ಇಲಾಖೆ ಅಗೆದಾಗ ಒಂದಲ್ಲ, ಹಲವು ಗುಡಿಗಳ ತಳಪಾಯಗಳು ಹೊರಬಂದವು. ಈಗ ಅಲ್ಲಿ ಅಧಿಷ್ಠಾನಗಳು, ಮುರಿದ ಕಂಬಗಳು, ಜೋಡಿಸಿಟ್ಟ ಕಲ್ಲುಗಳು ಇವೆ, ಗೋಡೆಗಳಿಲ್ಲ. ಬಸ್ಸಿನಲ್ಲಿ ಬಂದವರು ಯಾರೂ ಇತ್ತ ಬರುವುದಿಲ್ಲ. ನನಗೆ ಮುಖ್ಯವೆನಿಸಿದ್ದು ಹೆಸರು. ಶಾಸನಗಳ ಕನ್ನಡದಲ್ಲಿ 'ನಗರ' ಎಂದರೆ ಪಟ್ಟಣವಷ್ಟೇ ಅಲ್ಲ, ವರ್ತಕರ ಸಂಘವೂ ಹೌದು. ನಗರೇಶ್ವರ ಎಂದರೆ ವರ್ತಕರ ಈಶ್ವರ. ಅರಸನ ಕೋಟೆಯ ಆಸುಪಾಸಿನಲ್ಲೇ ವ್ಯಾಪಾರಿಗಳ ದೇವರು. ಹಾಸನಕ್ಕೆ ಹತ್ತಿರದ ದೊಡ್ಡಗದ್ದವಳ್ಳಿಯ ಲಕ್ಷ್ಮೀದೇವಿ ದೇವಾಲಯವನ್ನು ಕಟ್ಟಿಸಿದ್ದು ಕುಲ್ಲಹಣ ರಾಹುತನೆಂಬ ವರ್ತಕ ಮತ್ತು ಅವನ ಹೆಂಡತಿ ಸಹಜಾದೇವಿ. ಚನ್ನರಾಯಪಟ್ಟಣ ತಾಲ್ಲೂಕಿನ ನುಗ್ಗೇಹಳ್ಳಿಯ ಲಕ್ಷ್ಮೀನರಸಿಂಹ ದೇವಾಲಯವನ್ನು 1246ರಲ್ಲಿ ಕಟ್ಟಿಸಿದ್ದು ಬೊಮ್ಮಣ್ಣ ದಂಡನಾಯಕ. ಇನ್ನು ನಾವು ಕೊನೆಗೆ ನೋಡಲಿದ್ದ ಹೊಯ್ಸಳೇಶ್ವರವನ್ನು ಕಟ್ಟಿಸಿದ್ದು ಸಹ ವಿಷ್ಣುವರ್ಧನನ ಅಧಿಕಾರಿ ಕೇತಮಲ್ಲ. 'ಹೊಯ್ಸಳ ಅರಸರು ಕಟ್ಟಿಸಿದ ದೇವಾಲಯಗಳು' ಎಂದು ಪರೀಕ್ಷೆಯಲ್ಲಿ ನಾವು ಬರೆಯುವ ಒಂದು ಸಾಲಿನ ಹಿಂದೆ ಹಣವಿದ್ದ, ಹೆಸರು ಬೇಕಾಗಿದ್ದ, ಪುಣ್ಯ ಬೇಕಾಗಿದ್ದ ಎಷ್ಟೋ ಜನರಿದ್ದಾರೆ.

ಕೇತಮಲ್ಲನ ವಿಷಯದಲ್ಲಿ ಇನ್ನೊಂದು ಸ್ವಾರಸ್ಯವಿದೆ. ದೇವಾಲಯ ಹುಟ್ಟಿದ ಕತೆಯನ್ನು ಹೇಳುವ ಶಾಸನ ಆ ದೇವಾಲಯದಲ್ಲಿ ಸಿಕ್ಕಿದ್ದಲ್ಲ. ಸುಮಾರು ಐದು ಕಿಲೋಮೀಟರ್ ದೂರದ ಘಟ್ಟದಹಳ್ಳಿಯ ಹಾಳು ಗುಡಿಯೊಂದರ ಬಳಿ ಸಿಕ್ಕಿತು. ಕಾಲ 1121. ಆ ಹಳ್ಳಿಯ ಕಲ್ಲನ್ನು ಯಾರಾದರೂ ಒಡೆದು ಮನೆಯ ಅಡಿಪಾಯಕ್ಕೆ ಹಾಕಿದ್ದರೆ ಜಗತ್ತೇ ಬಂದು ನೋಡುವ ಈ ಕಟ್ಟಡದ ಹುಟ್ಟಿನ ಗುರುತು ನಮಗೆ ದಕ್ಕುತ್ತಿರಲಿಲ್ಲ. ರಾಜಧಾನಿಯ ಚರಿತ್ರೆ ರಾಜಧಾನಿಯ ನಡುವೆಯೇ ಇರುತ್ತದೆ ಎನ್ನುವಂತಿಲ್ಲ.

ಹತ್ತು ಗಂಟೆಯ ಹೊತ್ತಿಗೆ ಬಸ್ತಿಹಳ್ಳಿ ತಲುಪಿದೆವು. ಒಂದೇ ಆವರಣದಲ್ಲಿ ಮೂರು ಬಸದಿಗಳು: ಪಾರ್ಶ್ವನಾಥ, ಆದಿನಾಥ, ಶಾಂತಿನಾಥ. ಹೊರಗೋಡೆಗಳು ಸಾದಾ. ಹೊಯ್ಸಳ ಎಂದರೆ ಕೆತ್ತನೆ ಎಂದುಕೊಂಡು ಬಂದವರಿಗೆ ಇಲ್ಲಿ ಏನೂ ಇಲ್ಲವೆನಿಸಬಹುದು. ಒಳಗೆ ಹೋದ ಮೇಲೆ ಪಾರ್ಶ್ವನಾಥ ಬಸದಿಯ ನವರಂಗದ ಕಂಬಗಳು ಕಾಣುತ್ತವೆ. ಕನ್ನಡಿಯಂತೆ ಉಜ್ಜಿದ ಕಪ್ಪು ಕಲ್ಲು. ಹತ್ತಿರ ನಿಂತರೆ ನಮ್ಮ ಮುಖ ಅಲೆಯಲೆಯಾಗಿ ಮೂಡುತ್ತದೆ. ಹಾಸನದ ಕುಟುಂಬದ ಮಗು ಒಂದೊಂದು ಕಂಬದ ಮುಂದೆಯೂ ಹೋಗಿ ನಾಲಿಗೆ ಚಾಚಿ ಬಂತು.

ಊರಿನಲ್ಲಿ ಒಂದು ಕತೆ ಇದೆ. ವಿಷ್ಣುವರ್ಧನ ಜೈನಧರ್ಮ ಬಿಟ್ಟು ವೈಷ್ಣವನಾದ ಮೇಲೆ ಬಸದಿಗಳನ್ನು ಕೆಡವಿಸಿದ, ಜೈನರನ್ನು ಪೀಡಿಸಿದ ಎಂದು. ಮಾರ್ಗದರ್ಶಕರು ಆ ಕತೆಯನ್ನು ಬಿಡದೆ ಹೇಳಿದರು. ಹೇಳಿ ಮುಗಿಸಿ, "ಇದು ಜನ ಹೇಳೋದು. ಕಲ್ಲು ಏನ್ ಹೇಳ್ತದೆ ನೋಡನ" ಎಂದು ಶಾಸನದ ಕಡೆಗೆ ತಿರುಗಿದರು. ಬಿ. ಎಲ್. ರೈಸ್ 1902ರಲ್ಲಿ ಪ್ರಕಟಿಸಿದ ಹಾಸನ ಜಿಲ್ಲೆಯ ಶಾಸನ ಸಂಪುಟದಲ್ಲಿ ಅದು ಇದೆ. ಅದು ಹೇಳುವುದು ಇಷ್ಟು: ವಿಷ್ಣುವರ್ಧನನ ದಂಡನಾಯಕ ಗಂಗರಾಜ ತೀರಿಕೊಂಡ ಮೇಲೆ ಅವನ ಮಗ ಬೊಪ್ಪ ತಂದೆಯ ನೆನಪಿಗೆ 1133ರಲ್ಲಿ ಈ ಬಸದಿ ಕಟ್ಟಿಸಿದ. ಪ್ರತಿಷ್ಠೆಯ ಶೇಷೆಯನ್ನು ಅರ್ಚಕರು ಬಂಕಾಪುರದಲ್ಲಿದ್ದ ಅರಸನ ಬಳಿಗೆ ಒಯ್ದರು. ಆ ಹೊತ್ತಿಗೆ ಅವನಿಗೆ ಯುದ್ಧದಲ್ಲಿ ಗೆಲುವಾಗಿತ್ತು, ಮಗ ಹುಟ್ಟಿದ್ದ. ಅರಸ ಸಂತೋಷದಿಂದ ಎದ್ದು ಕೈಮುಗಿದು, ದೇವರಿಗೆ ವಿಜಯಪಾರ್ಶ್ವನೆಂದೂ ಮಗನಿಗೆ ವಿಜಯನರಸಿಂಹನೆಂದೂ ಹೆಸರಿಟ್ಟು, ಜಾವಗಲ್ಲನ್ನು ದತ್ತಿ ಬಿಟ್ಟ. ನಮ್ಮ ಕಾಲದಲ್ಲಿ ಕ್ರಿಕೆಟ್ಟಿನಿಂದ ಜಗತ್ತಿಗೆಲ್ಲ ಹೆಸರು ಗೊತ್ತಾದ ಅದೇ ಜಾವಗಲ್.

ಮತ ಬದಲಿಸಿದ್ದಾನೆ ಎನ್ನುವ ಅರಸ ಪಾರ್ಶ್ವನಾಥನ ಪ್ರಸಾದಕ್ಕೆ ಕೈಯೊಡ್ಡುತ್ತಾನೆ, ತನ್ನ ಮಗನ ಹೆಸರನ್ನೂ ತೀರ್ಥಂಕರನ ಹೆಸರನ್ನೂ ಒಂದೇ ಗೆಲುವಿಗೆ ಕಟ್ಟುತ್ತಾನೆ. ಚನ್ನರಾಯಪಟ್ಟಣದ ಹುಡುಗಿಯರಲ್ಲಿ ಒಬ್ಬಳು ಇದಕ್ಕೆ ತನ್ನ ತಾಲ್ಲೂಕಿನ ಸಾಕ್ಷಿ ಸೇರಿಸಿದಳು. ಶ್ರವಣಬೆಳಗೊಳದಲ್ಲಿ ಶಾಂತಲೆ ಸವತಿಗಂಧವಾರಣ ಬಸದಿ ಕಟ್ಟಿಸಿದ್ದು 1123ರಲ್ಲಿ, ಅಂದರೆ ಬೇಲೂರಿನ ಚೆನ್ನಕೇಶವನ ಪ್ರತಿಷ್ಠೆಯಾದ 1117ರ ನಂತರ. ಗೊಮ್ಮಟನ ಸುತ್ತಾಲಯ ಮಾಡಿಸಿದವನು ಇದೇ ಗಂಗರಾಜ. ಗಂಡ ಕೇಶವನನ್ನು ನಿಲ್ಲಿಸಿದ, ಹೆಂಡತಿ ಜಿನನನ್ನು ನಿಲ್ಲಿಸಿದಳು, ದಂಡನಾಯಕ ಇಬ್ಬರಿಗೂ ಬೇಕಾದವನಾಗಿದ್ದ. ಆ ಕಾಲದಲ್ಲಿ ಮತಗಳ ನಡುವೆ ತಿಕ್ಕಾಟವೇ ಇರಲಿಲ್ಲ ಎಂದು ಹೇಳಲು ನಾನು ಹೊರಟಿಲ್ಲ. ಹಾಗೆ ಹೇಳಿದರೆ ಅದೂ ಇನ್ನೊಂದು ಕಟ್ಟುಕತೆಯಾಗುತ್ತದೆ. ಆದರೆ ಊರಿನ ಬಾಯಲ್ಲಿರುವ ಕತೆಗೂ ಅದೇ ಊರಿನ ಕಲ್ಲಿನಲ್ಲಿರುವ ಮಾತಿಗೂ ಇಷ್ಟು ಅಂತರ ಇರುವಾಗ, ಎರಡನ್ನೂ ಒಟ್ಟಿಗೆ ಕೇಳಿಸುವವರು ಬೇಕು. ಆ ದಿನ ನಮ್ಮ ಮಾರ್ಗದರ್ಶಕರು ಮಾಡಿದ್ದು ಆ ಕೆಲಸ.

ನನಗೆ ಆ ಬಸದಿ ಇನ್ನೊಂದು ಕಾರಣಕ್ಕೆ ಮುಖ್ಯ. ಇಮ್ಮಡಿ ಬಲ್ಲಾಳನಿಂದ ಕವಿಚಕ್ರವರ್ತಿ ಎನ್ನಿಸಿಕೊಂಡ ಜನ್ನ ದೋರಸಮುದ್ರದ ವಿಜಯಪಾರ್ಶ್ವ ಬಸದಿಗೆ ದ್ವಾರ ಕಟ್ಟಿಸಿದನೆಂದು ಸಾಹಿತ್ಯ ಚರಿತ್ರೆ ಹೇಳುತ್ತದೆ. 'ಯಶೋಧರ ಚರಿತೆ'ಯ ಕಾಲ 1209. ಹಿಟ್ಟಿನ ಕೋಳಿಯನ್ನು ಬಲಿಕೊಟ್ಟರೂ ಹಿಂಸೆ ಹಿಂಸೆಯೇ, ಏಕೆಂದರೆ ಅದು ಮೊದಲು ಮನಸ್ಸಿನಲ್ಲಿ ನಡೆದಿರುತ್ತದೆ ಎಂದು ಹೇಳಿದ ಕವಿ ಯುದ್ಧವನ್ನೇ ಉಸಿರಾಡುತ್ತಿದ್ದ ಒಂದು ರಾಜಧಾನಿಯಲ್ಲಿ, ಅರಸನ ಅನ್ನ ಉಂಡುಕೊಂಡು, ಈ ಕಂಬಗಳ ನಡುವೆ ಓಡಾಡಿದ್ದ. ಅವನ ಸೋದರಳಿಯನೇ 'ಶಬ್ದಮಣಿದರ್ಪಣ' ಬರೆದ ಕೇಶಿರಾಜ. ಕೇಶಿರಾಜನ ತಂದೆ 'ಸೂಕ್ತಿಸುಧಾರ್ಣವ' ಸಂಕಲಿಸಿದ ಮಲ್ಲಿಕಾರ್ಜುನ. ಕನ್ನಡದ ಒಂದು ದೊಡ್ಡ ಕಾವ್ಯ, ಒಂದು ದೊಡ್ಡ ವ್ಯಾಕರಣ, ಒಂದು ದೊಡ್ಡ ಸಂಕಲನ ಒಂದೇ ನೆಂಟಸ್ತಿಕೆಯೊಳಗೆ ಹುಟ್ಟಿದವು. ಪಠ್ಯಪುಸ್ತಕದಲ್ಲಿ ಇವು ಮೂರು ಬೇರೆ ಬೇರೆ ಪಾಠಗಳು. ಹೊಯ್ಸಳರ ರಾಜಧಾನಿಯ ನೆಲದಲ್ಲಿ ನಿಂತು ನೆನೆದರೆ ಒಂದೇ ಮನೆತನದ ಮಾತುಕತೆ.

ಅಲ್ಲಿಂದ ಕೇದಾರೇಶ್ವರಕ್ಕೆ ನಾಲ್ಕು ಹೆಜ್ಜೆ. ಇಮ್ಮಡಿ ಬಲ್ಲಾಳ ಮತ್ತು ರಾಣಿ ಅಭಿನವ ಕೇತಲದೇವಿಯ ಹೆಸರಿನೊಂದಿಗೆ ಸೇರಿದ ಗುಡಿ. ಹತ್ತೊಂಬತ್ತನೆಯ ಶತಮಾನದಲ್ಲಿ ಇದರ ಶಿಖರದ ಮೇಲೆ ಆಲದ ಮರ ಬೇರು ಬಿಟ್ಟು ಕಲ್ಲುಗಳನ್ನು ಸೀಳಿತು. ಆಮೇಲೆ ಬಿಚ್ಚಿ ಮತ್ತೆ ಜೋಡಿಸಿದರು, ಶಿಖರ ಮಾತ್ರ ಬರಲಿಲ್ಲ. ಶತ್ರುಗಳ ಸೈನ್ಯ ಏನು ಮಾಡಿತು ಎಂದು ಎಲ್ಲರೂ ಕೇಳುತ್ತಾರೆ, ಹಕ್ಕಿ ಉದುರಿಸಿದ ಬೀಜ ಏನು ಮಾಡಿತು ಎಂದು ಯಾರೂ ಕೇಳುವುದಿಲ್ಲ.

ಹೊಳೆನರಸೀಪುರದ ಮೇಷ್ಟ್ರು ಸೈನ್ಯದ ಪ್ರಶ್ನೆಯನ್ನೇ ಎತ್ತಿದರು. 1311ರಲ್ಲಿ ಮಲಿಕ್ ಕಾಫೂರ್ ಬಂದ. ಆ ದಂಡಯಾತ್ರೆಯನ್ನು ಅಮೀರ್ ಖುಸ್ರೋ 'ಖಜಾಯಿನ್-ಉಲ್-ಫುತೂಹ್'ನಲ್ಲಿ ಬರೆದಿದ್ದಾನೆ. ಮುಮ್ಮಡಿ ಬಲ್ಲಾಳ ಶರಣಾಗಿ ಸಂಪತ್ತು ಒಪ್ಪಿಸಿದ, ಅವನ ಮಗ ದೆಹಲಿಗೆ ಹೋಗಿ 1313ರಲ್ಲಿ ಮರಳಿದ. 1327ರ ಹೊತ್ತಿಗೆ ಮುಹಮ್ಮದ್ ಬಿನ್ ತುಘಲಕನ ಸೈನ್ಯ ಮತ್ತೆ ಬಂತು. ಬಲ್ಲಾಳ ತಿರುವಣ್ಣಾಮಲೈಯನ್ನು ನೆಲೆ ಮಾಡಿಕೊಂಡು ಹೋರಾಡುತ್ತ ಕೊನೆಗೆ ಮಧುರೆಯ ಸುಲ್ತಾನರ ಕೈಯಲ್ಲಿ ಸತ್ತ. "ಹಂಗಾಗಿ ಇದು ಹಾಳಾದ ಬೀಡು, ಹಾಳುಬೀಡು, ಅಲ್ವೇನಪ್ಪ?" ಎಂದು ಮೇಷ್ಟ್ರು ನನ್ನ ಕಡೆ ನೋಡಿದರು. ನನ್ನ ಅಭಿಪ್ರಾಯ ಹೇಳಿದೆ. ಬೀಡು ಎಂದರೆ ಅರಸ ತಂಗುವ ನೆಲೆ. ಹಳೆಯ ಬೀಡು ಎಂದರೆ ಹಿಂದೆ ಅರಸನಿದ್ದ ಊರು, ಅಷ್ಟೇ. 'ಹಾಳು' ಎಂದಾಗ ಕತೆ ಕೊಳ್ಳಿಯಿಟ್ಟ ದಿನಕ್ಕೆ ಮುಗಿದುಹೋಗುತ್ತದೆ. 'ಹಳೆ' ಎಂದಾಗ ಅರಸ ಹೋದ ಮೇಲೂ ಊರಿನಲ್ಲಿ ಉಳಿದವರು ಇದ್ದಾರೆ ಎಂದಾಗುತ್ತದೆ. ಕೆರೆಗೆ ನೀರು ಬಿಟ್ಟವರು, ಹೊಲ ಉತ್ತವರು, ಬಸದಿಗೆ ದೀಪ ಹಚ್ಚಿದವರು. ಹೆಸರು ಇಟ್ಟವರೂ ಅವರೇ ಇರಬೇಕು. ಊರು ಬಿಟ್ಟು ಹೋದವರು ಅದನ್ನು ಹಳೆಯದು ಎಂದು ಕರೆಯಬಹುದು, ಆದರೆ ಆ ಹೆಸರನ್ನು ಉಳಿಸಿಕೊಂಡು ಬಂದವರು ಅಲ್ಲೇ ಇದ್ದವರು.

ಅವರ ಮುಂದಿನವರು ಈಗಲೂ ಅಲ್ಲಿದ್ದಾರೆ. ಕೇದಾರೇಶ್ವರದಿಂದ ಹಿಂದಿರುಗುವಾಗ ಮನೆಯೊಂದರ ಜಗಲಿಯಲ್ಲಿ ನೀರು ಕೇಳಿ ಕುಡಿದೆವು. ಬಚ್ಚಲ ಬಳಿ ಬಟ್ಟೆ ಒಗೆಯುವ ಕಲ್ಲು ಹಳೆಯ ಕಂಬದ ತುಂಡು. ಅಂಚಿನ ಪಟ್ಟಿಕೆ ಸೋಪಿನ ನೊರೆಯಲ್ಲೂ ಕಾಣುತ್ತಿತ್ತು. ಹಾಸನದ ಕುಟುಂಬದವರು "ಅಯ್ಯೋ, ಇದನ್ನ ಮ್ಯೂಸಿಯಂಗೆ ಕೊಡಬಾರದಾ ಅಜ್ಜಿ?" ಎಂದರು. ಮನೆಯ ಯಜಮಾನಿತಿ ಸಿಟ್ಟಾಗಲಿಲ್ಲ. "ನಮ್ಮತ್ತೆ ಕಾಲದಿಂದ ಇದ್ರಲ್ಲೇ ಒಗೀತಿರದು ಕಣವ್ವ. ಕಲ್ಲು ಕೇಳೋರು ಬತ್ತಾರೆ, ಮನೆ ಸೋರ್ತದೆ ಅಂದ್ರೆ ಕೇಳೋರಿಲ್ಲ" ಎಂದರು.

ಆ ಮಾತಿನ ಹಿಂದೆ ಕಾನೂನೊಂದಿದೆ. ರಾಷ್ಟ್ರೀಯ ಸಂರಕ್ಷಿತ ಸ್ಮಾರಕದ ಸುತ್ತ 100 ಮೀಟರ್ ನಿಷೇಧಿತ ವಲಯ, ಅದರಾಚೆ 200 ಮೀಟರ್ ನಿಯಂತ್ರಿತ ವಲಯ. 2010ರ ತಿದ್ದುಪಡಿಯ ನಂತರ ಇದು ಬಿಗಿಯಾಯಿತು. ಮೊದಲ ವಲಯದಲ್ಲಿ ಹೊಸ ಕಟ್ಟಡವಿಲ್ಲ; ರಿಪೇರಿಗೂ ಅನುಮತಿ ಬೇಕು. ಈ ನಿಯಮ ಬೇಡವೆಂದು ನಾನು ಹೇಳಲಾರೆ. ಅದಿಲ್ಲದಿದ್ದರೆ ಗುಡಿಯ ಗೋಡೆಗೆ ಆತುಕೊಂಡು ಲಾಡ್ಜುಗಳು ಏಳುತ್ತಿದ್ದವು. ಆದರೆ ಸ್ಮಾರಕಗಳು ಅಲ್ಲಲ್ಲಿ ಚೆಲ್ಲಿಕೊಂಡಿರುವ ಹಳೇಬೀಡಿನಂಥ ಊರಿನಲ್ಲಿ ಒಂದೊಂದರ ಸುತ್ತ ಒಂದೊಂದು ವೃತ್ತ ಎಳೆದರೆ ಊರಿನ ಬಹುಪಾಲು ಅದರೊಳಗೇ ಬೀಳುತ್ತದೆ. 2023ರ ಸೆಪ್ಟೆಂಬರ್ 18ರಂದು ಬೇಲೂರು, ಹಳೇಬೀಡು, ಸೋಮನಾಥಪುರಗಳ ದೇವಾಲಯಗಳು ಯುನೆಸ್ಕೋ ವಿಶ್ವ ಪರಂಪರೆಯ ಪಟ್ಟಿ ಸೇರಿದವು. ಸಂತೋಷವೇ. ಪಟ್ಟಿಗೆ ಸೇರಿದ್ದು ಮಾತ್ರ ದೇವಾಲಯ, ದೋರಸಮುದ್ರವಲ್ಲ.

ಹೊಯ್ಸಳೇಶ್ವರಕ್ಕೆ ಬಂದಾಗ ಮಧ್ಯಾಹ್ನ ಹನ್ನೆರಡು. ಆ ಗೋಡೆಯ ಬಗ್ಗೆ ಹೊಸದಾಗಿ ಹೇಳುವುದು ಏನಿದೆ? ಆನೆಗಳ ಸಾಲಿನ ಮೇಲೆ ಸಿಂಹಗಳ ಸಾಲು, ಬಳ್ಳಿ, ಕುದುರೆ, ರಾಮಾಯಣ ಮಹಾಭಾರತದ ಕತೆಗಳು, ಮಕರ, ಹಂಸ. ಬಳಪದ ಕಲ್ಲು ಹೊಸದಾಗಿ ಕಿತ್ತಾಗ ಮೆತ್ತಗಿದ್ದು ಗಾಳಿಗೆ ಗಟ್ಟಿಯಾಗುತ್ತದೆ. ಅದಕ್ಕೇ ಇಷ್ಟು ಕುಸುರಿ ಸಾಧ್ಯವಾಯಿತು. ಮಾಬಲ, ಬಲ್ಲಣ, ಕೇತಣ ಎಂದು ಶಿಲ್ಪಿಗಳು ಮೂರ್ತಿಗಳ ಕೆಳಗೆ ತಮ್ಮ ಹೆಸರು ಕೆತ್ತಿದ್ದಾರೆ. 1866ರಲ್ಲಿ ಲಂಡನ್ನಿನಲ್ಲಿ ಪ್ರಕಟವಾದ ಧಾರವಾಡ–ಮೈಸೂರು ವಾಸ್ತುಶಿಲ್ಪದ ಚಿತ್ರಸಂಪುಟದಲ್ಲಿ ಈ ಗೋಡೆಯ ಫೋಟೋಗಳು ಬಂದವು. ಅದಕ್ಕೆ ಟಿಪ್ಪಣಿ ಬರೆದ ಜೇಮ್ಸ್ ಫರ್ಗುಸನ್ ಮುಂದೆ ಈ ದೇವಾಲಯವನ್ನು ಅಥೆನ್ಸಿನ ಪಾರ್ಥೆನಾನ್ ಪಕ್ಕದಲ್ಲಿಟ್ಟು ಹೊಗಳಿದ. ನಗರ ಒಂದು ಗೋಡೆಯಾಗಿ ಕುಗ್ಗಿದ್ದು ಬಹುಶಃ ಅಲ್ಲಿಂದ. ಕ್ಯಾಮೆರಾ ಗೋಡೆಯನ್ನು ನೋಡಿತು, ಓದುಗ ಕ್ಯಾಮೆರಾ ನೋಡಿದ್ದನ್ನು ನೋಡಿದ, ಪ್ರವಾಸಿ ಓದುಗನ ಹಿಂದೆ ಬಂದ. ಇವತ್ತಿನ ನಮ್ಮ ಮೊಬೈಲ್ ಕೂಡ ಅದೇ ಕೋನದಲ್ಲೇ ನಿಲ್ಲುತ್ತದೆ.

ದೇವಾಲಯದ ದಕ್ಷಿಣಕ್ಕೆ ಗರುಡ ಕಂಬವಿದೆ. ಇಮ್ಮಡಿ ಬಲ್ಲಾಳ 1220ರಲ್ಲಿ ಸತ್ತಾಗ ಅವನ ಅಂಗರಕ್ಷಕ ಕುವರಲಕ್ಷ್ಮ, ಅವನ ಹೆಂಡತಿ ಮತ್ತು ಜೊತೆಯ ಗರುಡರು ಅರಸನೊಂದಿಗೇ ಪ್ರಾಣ ಬಿಟ್ಟರೆಂದು ಸಾರುವ ಕಂಬ. ತಮ್ಮ ತಲೆಯನ್ನು ತಾವೇ ಕತ್ತರಿಸಿಕೊಳ್ಳುವ ವೀರರ ಉಬ್ಬುಶಿಲ್ಪಗಳು ಅದರ ಮೇಲಿವೆ. ಹಿಟ್ಟಿನ ಕೋಳಿಗಾಗಿ ಮರುಗಿದ ಜನ್ನನಿಗೆ ಕವಿಚಕ್ರವರ್ತಿ ಪಟ್ಟ ಕಟ್ಟಿದ ಅರಸನೇ ಇವನು. ಇಷ್ಟು ಜನ ಅವನಿಗಾಗಿ ಕೊರಳು ಕೊಟ್ಟರು. ಪಾರ್ಶ್ವನಾಥ ಬಸದಿಗೂ ಈ ಕಂಬಕ್ಕೂ ನಡುವೆ ಕಾಲ್ನಡಿಗೆಯಲ್ಲಿ ಹೆಚ್ಚು ಹೊತ್ತಿನ ದಾರಿಯಿಲ್ಲ. ಬಸ್ಸಿನಲ್ಲಿ ಬಂದವರಿಗೆ ಇವೆರಡೂ ಒಂದೇ ಊರಿನವು ಎನ್ನುವುದು ಹೊಳೆಯುವುದಿಲ್ಲ; ನಡೆದವರಿಗೆ ಕಾಲೇ ಹೇಳುತ್ತದೆ.

ನಡಿಗೆಯಿಂದ ಸಂಶೋಧನೆಗೆ ಹೊಸ ಶಾಸನವೇನೂ ಸಿಗುವುದಿಲ್ಲ. ಸಿಗುವುದು ದೂರದ ಅಂದಾಜು. ಅರಮನೆಯಿಂದ ಬಸದಿಗೆ ಎಷ್ಟು, ವರ್ತಕರ ಗುಡಿಯಿಂದ ಕೆರೆಗೆ ಎಷ್ಟು, ಕವಿ ನಿಂತಿದ್ದ ಕಡೆಯಿಂದ ಯೋಧ ಸತ್ತ ಕಡೆಗೆ ಎಷ್ಟು. ನಗರ ಎಂದರೆ ಆ ದೂರಗಳೇ. ಕಟ್ಟಡಗಳ ಸುತ್ತ ಬೇಲಿ ಹಾಕಬಹುದು, ಹಾಕಬೇಕು ಕೂಡ. ಕಟ್ಟಡಗಳ ನಡುವಿನ ಜಾಗದಲ್ಲಿ ಹೊಲವಿದೆ, ಸೋರುವ ಮನೆಯಿದೆ, ಒಗೆಯುವ ಕಲ್ಲಿದೆ, ನೀರಿಗಾಗಿ ಕಾಯುವ ರೈತರಿದ್ದಾರೆ. ಅವರನ್ನು ಬಿಟ್ಟು ರಾಜಧಾನಿಯನ್ನು ಕಾಪಾಡುತ್ತೇವೆ ಎಂದರೆ ನಾವು ಕಾಪಾಡುವುದು ಒಂದು ಗೋಡೆಯನ್ನು ಮಾತ್ರ.

ಹಳೇಬೀಡಿಗೆ ಹೋಗುವವರಿದ್ದರೆ ನನ್ನದೊಂದು ಸಲಹೆ. ಬೆಳಿಗ್ಗೆ ಬೇಗ ಹೋಗಿ, ಊರಿನವರೊಬ್ಬರನ್ನು ಜೊತೆ ಮಾಡಿಕೊಳ್ಳಿ, ದೇವಸ್ಥಾನವನ್ನು ಕೊನೆಗೆ ಇಟ್ಟುಕೊಳ್ಳಿ.